ಕಾನೂನಿನ ಕಣ್ಣಿನಲ್ಲಿ ನಾಟಿವೈದ್ಯ

(ವಿದ್ಯಾರ್ಥಿನಿ, ಅಂತಿಮ ಬಿ.ಎ.)

'ಹಿತ್ತಲ ಗಿಡ ಮದ್ದಲ್ಲ' ಎಂಬ ಗಾದೆಯನ್ನು ನಾವೆಲ್ಲರೂ ಬಲ್ಲೆವು. ಕೈಗೆ ಸಮೀಪದಲ್ಲಿರುವ ವಸ್ತುವಿನ ಬೆಲೆ ಮನುಷ್ಯನಿಗೆ ತಿಳಿಯುವುದಿಲ್ಲವೆಂಬುದೇ ಅದರ ತಾತ್ಪರ್ಯ. ಆದರೆ ಹಿತ್ತಲ ಗಿಡವು ಮದ್ದು ಹೌದೋ ಅಲ್ಲವೋ ಎಂಬ ಪ್ರಶ್ನೆಯ ಪಕ್ಕದಲ್ಲಿ ಇನ್ನೊಂದು ಪ್ರಶ್ನೆಯೂ ಉಂಟು. ಆ ಗಿಡವನ್ನು ಕಿತ್ತು, ಅರೆದು, ಇನ್ನೊಬ್ಬರ ರೋಗಕ್ಕೆ ಕೊಡುವ ಅಧಿಕಾರ ಯಾರಿಗಿದೆ? ಮೊದಲನೆಯದು ವೈದ್ಯಶಾಸ್ತ್ರಕ್ಕೆ ಸೇರಿದ ಪ್ರಶ್ನೆ. ಎರಡನೆಯದು ಕಾನೂನಿಗೆ ಸೇರಿದುದು. ಈ ಎರಡನೆಯ ಪ್ರಶ್ನೆಯನ್ನು ಕುರಿತು ನನಗೆ ತಿಳಿದುಬಂದಷ್ಟನ್ನು ಸಹಪಾಠಿಗಳ ಹಾಗೂ ಗುರುಜನರ ಮುಂದಿಡುವುದೇ ಈ ಲೇಖನದ ಉದ್ದೇಶ.

ಈ ವಿಷಯವನ್ನು ನಾನಾಗಿ ಆರಿಸಿಕೊಂಡೆನೆಂದು ಹೇಳಲಾರೆ. ಅದು ನಮ್ಮ ಮನೆಯ ಜಗಲಿಯಲ್ಲಿಯೇ ಹುಟ್ಟಿದ ಪ್ರಶ್ನೆ. ನಮ್ಮ ಊರು ಜೋಯಿಡಾ ತಾಲೂಕಿನ ಕಾಡಿನೊಳಗಿದೆ. ನನ್ನ ಅಜ್ಜ ಗಾಂವಠಿ ಔಷಧ ಕೊಡುವವ. ಕಾಮಾಲೆ, ಉಳುಕು, ಮುರಿದ ಮೂಳೆ, ಬಾಣಂತಿಯ ನಂಜು, ಹಾವಿನ ಕಡಿತ ಇವುಗಳಿಗೆಲ್ಲ ಸುತ್ತಲಿನ ಕೇರಿಗಳವರು ಅವನಲ್ಲಿಗೇ ಬರುತ್ತಿದ್ದರು. ಅವನು ಹಣ ಮುಟ್ಟುವುದಿಲ್ಲ. ಎಲೆ ಅಡಿಕೆ, ಒಂದು ತೆಂಗಿನಕಾಯಿ, ಅಷ್ಟೇ. ಮದ್ದಿನ ಬೇರಿನ ಹೆಸರನ್ನು ಬಾಯಿಬಿಟ್ಟು ಹೇಳಿದರೆ ಅದರ ಗುಣ ಹೋಗುತ್ತದೆಂಬುದು ಅವನ ನಂಬಿಕೆ. ಅವನಿಗೆ ಓದು ಬರಹ ಬಾರದು. ನನ್ನ ತಂದೆ ನಾಲ್ಕನೆಯ ಇಯತ್ತೆಗೆ ಶಾಲೆ ಬಿಟ್ಟವರು. ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವಳು ನಾನೇ ಮೊದಲಿನವಳು.

ಮೂರು ವರ್ಷಗಳ ಹಿಂದಿನ ಮಳೆಗಾಲದ ಒಂದು ಸಂಜೆ, ನೆರೆಯ ಕೇರಿಯ ಹುಡುಗನೊಬ್ಬನಿಗೆ ಗದ್ದೆಯ ಬದುವಿನ ಮೇಲೆ ಹಾವು ಕಚ್ಚಿತು. ಹೊತ್ತು ತಂದು ನಮ್ಮ ಜಗಲಿಯ ಮೇಲೆ ಮಲಗಿಸಿದರು. ಹಳ್ಳ ತುಂಬಿ ರಸ್ತೆ ಮುಳುಗಿತ್ತು. ಅಜ್ಜ ಬೇರನ್ನು ತೇಯ್ದು ಕುಡಿಸಿ, ಗಾಯಕ್ಕೆ ಹಚ್ಚಿ, ಕಾಲಿಗೆ ಬಿಗಿಯಾಗಿ ಕಟ್ಟು ಕಟ್ಟಿದ. ರಾತ್ರಿಯೆಲ್ಲ ಹುಡುಗ ನರಳಿದ. ಬೆಳಗಾಗುವಾಗ ಕಾಲು ಊದಿ ಕಪ್ಪಾಗಿತ್ತು. ನೀರಿಳಿದ ಮೇಲೆ ದವಾಖಾನೆಗೆ ಒಯ್ದರು. ಹುಡುಗ ಬದುಕಿದ, ಆದರೆ ಎರಡು ಬೆರಳುಗಳನ್ನು ಕತ್ತರಿಸಬೇಕಾಯಿತು. ಅದಾದ ಕೆಲವು ದಿನಗಳಲ್ಲಿ ಊರಿಗೆ ಬಂದ ಅಧಿಕಾರಿಯೊಬ್ಬರು, "ಸರ್ಟಿಫಿಕೇಟ್ ಇಲ್ಲದೆ ಮದ್ದು ಕೊಟ್ಟರೆ ಜೈಲು" ಎಂದು ಹೇಳಿ ಹೋದರು. ಅಂದು ರಾತ್ರಿ ಅಜ್ಜ ನನ್ನನ್ನು ಕರೆದು ಕೇಳಿದ: "ತಂಗಿ, ನೀನು ಕಾಲೇಜು ಕಲಿಯುವಾಕೆ. ನನ್ನ ಅಪ್ಪ ಮಾಡಿದ್ದನ್ನೇ ನಾನು ಮಾಡಿದೆ. ಇದು ಕಳ್ಳತನವೇನು? ಪುಸ್ತಕ ನೋಡಿ ಹೇಳು." ಆಗ ನನ್ನಲ್ಲಿ ಉತ್ತರವಿರಲಿಲ್ಲ. ಮುಂದೆ ಓದಿ ತಿಳಿದುದನ್ನು ಕೆಳಗೆ ಬರೆದಿದ್ದೇನೆ.

ಕಾನೂನು ಬೆಳೆದು ಬಂದ ಬಗೆ

ನಮ್ಮ ಜಿಲ್ಲೆಯು 1862ರಿಂದ 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಮುಂಬಯಿ ಪ್ರಾಂತಕ್ಕೆ ಸೇರಿತ್ತೆಂಬುದು ಇತಿಹಾಸದ ವಿದ್ಯಾರ್ಥಿಗಳಿಗೆ ತಿಳಿದ ಸಂಗತಿ. ಆ ಪ್ರಾಂತದಲ್ಲಿ 1912ರಲ್ಲಿಯೇ ಪಾಶ್ಚಾತ್ಯ ಪದ್ಧತಿಯ ವೈದ್ಯರ ನೋಂದಣಿಗಾಗಿ ಕಾಯದೆಯಾಯಿತು. ವೈದ್ಯ ಹಕೀಮರನ್ನು ನೋಂದಣಿಯ ವ್ಯಾಪ್ತಿಗೆ ತಂದುದು 1938ರ ಮುಂಬಯಿ ವೈದ್ಯವೃತ್ತಿಗಾರರ ಕಾಯದೆ. ವಿದ್ಯಾಲಯದಲ್ಲಿ ಕಲಿಯದೆ, ಆ ಮೊದಲೇ ವೃತ್ತಿಯಲ್ಲಿ ತೊಡಗಿದ್ದವರಿಗೂ ತಮ್ಮ ಹೆಸರನ್ನು ಪಟ್ಟಿಯಲ್ಲಿ ಬರೆಸಿಕೊಳ್ಳುವ ಅವಕಾಶ ಅದರಲ್ಲಿತ್ತು. ಆದರೆ ಹೆಸರು ಬರೆಸಲು ಅರ್ಜಿ ಬೇಕು, ಅರ್ಜಿಗೆ ಅಕ್ಷರ ಬೇಕು. ಅಂಥ ಕಾಯದೆಯೊಂದು ಇದೆಯೆಂಬ ಸುದ್ದಿ ಸೂಪಾ ಸೀಮೆಯ ಕಾಡಿನಲ್ಲಿದ್ದ ನನ್ನ ಮುತ್ತಜ್ಜನ ಕಿವಿಗೆ ಬಿದ್ದಿರಲಿಲ್ಲ.

ಏಕೀಕರಣದ ನಂತರ ನಮ್ಮ ರಾಜ್ಯವು ಆಯುರ್ವೇದ, ಪ್ರಕೃತಿ ಚಿಕಿತ್ಸೆ, ಸಿದ್ಧ, ಯುನಾನಿ, ಯೋಗ ಪದ್ಧತಿಗಳ ವೈದ್ಯರ ನೋಂದಣಿಗಾಗಿ 1961ರ ಕಾಯದೆಯನ್ನು ರೂಪಿಸಿತು. ಬಳಿಕ ಇಡೀ ದೇಶಕ್ಕೆ ಅನ್ವಯಿಸುವಂತೆ 1970ರಲ್ಲಿ ಭಾರತೀಯ ವೈದ್ಯಪದ್ಧತಿಯ ಕೇಂದ್ರ ಮಂಡಲಿಯ ಕಾಯದೆ ಬಂದಿತು. ಪದವಿ ಪಡೆದು, ರಾಜ್ಯದ ಪುಸ್ತಕದಲ್ಲಿ ಹೆಸರು ಬರೆಸಿಕೊಂಡವರೇ ಈ ವೃತ್ತಿ ಮಾಡತಕ್ಕದ್ದೆಂಬ ತತ್ತ್ವ ಅಲ್ಲಿಂದ ಬಲವಾಯಿತು. ನೋಂದಣಿ ಪುಸ್ತಕವೇ ಇಲ್ಲದ ರಾಜ್ಯಗಳಲ್ಲಿ, ಕಾಯದೆ ಜಾರಿಯಾಗುವಾಗ ಐದು ವರ್ಷಗಳ ಅನುಭವವಿದ್ದವರಿಗೆ ಮಾತ್ರ ಒಂದು ರಿಯಾಯಿತಿಯನ್ನು ಕೊಟ್ಟರು. ವಾಚಕರು ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಆ ರಿಯಾಯಿತಿ ಆಗ ವೃತ್ತಿಯಲ್ಲಿದ್ದ ಪೀಳಿಗೆಗೆ ಮೀಸಲು. ಅವರ ಮಕ್ಕಳಿಗೆ ಅದು ಇಳಿದು ಬರಲಾರದು. 1970ರಲ್ಲಿ ನನ್ನ ಅಜ್ಜನಿಗೆ ಹದಿನೈದು ವರ್ಷ. ಅವನು ಇನ್ನೂ ತಂದೆಯ ಹಿಂದೆ ಬುಟ್ಟಿ ಹೊತ್ತು ಕಾಡು ತಿರುಗುತ್ತಿದ್ದ. 1970ರ ಆ ಕಾಯದೆಯ ಸ್ಥಾನದಲ್ಲಿ ಈಗ 2020ರ ಭಾರತೀಯ ವೈದ್ಯಪದ್ಧತಿಗಳ ರಾಷ್ಟ್ರೀಯ ಆಯೋಗದ ಕಾಯದೆಯಿದೆ.

ಪಾರಂಪರಿಕ ವೈದ್ಯರ ಹಕ್ಕಿನ ಪ್ರಶ್ನೆ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ಕೇರಳದ ಆಯುರ್ವೇದ ಪಾರಂಪರ್ಯ ವೈದ್ಯರ ಸಂಘಟನೆಯವರು, ವಂಶಪರಂಪರೆಯಿಂದ ಬಂದ ವಿದ್ಯೆಯನ್ನು ನಡೆಸಲು ತಮಗೆ ತಡೆಯಿರಬಾರದೆಂದು ವಾದಿಸಿದರು. ನ್ಯಾಯಮೂರ್ತಿ ಆರ್.ಕೆ. ಅಗರವಾಲ ಹಾಗೂ ನಮ್ಮ ಕರ್ನಾಟಕದವರೇ ಆದ ನ್ಯಾಯಮೂರ್ತಿ ಮೋಹನ ಶಾಂತನಗೌಡರ ಅವರ ಪೀಠವು 2018ರ ಏಪ್ರಿಲ್ 13ರಂದು ಆ ವಾದವನ್ನು ಒಪ್ಪಲಿಲ್ಲ. ಮಾನ್ಯತೆ ಪಡೆದ ವಿದ್ಯಾರ್ಹತೆಯಿಲ್ಲದೆ ವೈದ್ಯವೃತ್ತಿ ನಡೆಸುವುದು ಜನರ ಪ್ರಾಣದೊಡನೆ ಆಟವಾಡಿದಂತೆ ಎಂಬುದು ಆ ತೀರ್ಪಿನ ಸಾರ. ಸೋಜಿಗದ ಮಾತೆಂದರೆ, ಅದೇ ವರ್ಷದ ಜನವರಿಯಲ್ಲಿ ಅದೇ ಕೇರಳದ ಕಲ್ಲಾರಿನ ಕಾಡಿನ ವೈದ್ಯೆ ಲಕ್ಷ್ಮಿಕುಟ್ಟಿ ಅಮ್ಮನವರಿಗೆ ಪದ್ಮಶ್ರೀ ಪ್ರಶಸ್ತಿ ಘೋಷಣೆಯಾಗಿತ್ತು. ಒಂದೇ ವಿದ್ಯೆಗೆ ಒಂದು ಕೈಯಿಂದ ಹಾರ, ಇನ್ನೊಂದು ಕೈಯಿಂದ ತಡೆ!

ಇಂದಿನ ಎಲ್ಲೆಗಳು

ಹಾಗಾದರೆ ನಾಟಿವೈದ್ಯನೊಬ್ಬನ ಸುತ್ತ ಇಂದು ಕಾನೂನು ಎಳೆದಿರುವ ಗೆರೆಗಳಾವುವು? ತಿಳಿಯಲು ಸುಲಭವಾಗಲೆಂದು ಅವನ್ನು ಐದಾಗಿ ವಿಂಗಡಿಸುತ್ತೇನೆ.

ಒಂದನೆಯದು, ವೃತ್ತಿಯ ಎಲ್ಲೆ. ಮನೆಯವರಿಗೆ ಶುಂಠಿ ಕಷಾಯ ಮಾಡಿಕೊಟ್ಟರೆ ಅಪರಾಧವಾಗದು. ಆದರೆ ತಾನು ವೈದ್ಯನೆಂದು ಹೇಳಿಕೊಂಡು, ಫಲಕ ತೂಗುಹಾಕಿ, ರೋಗಿಗಳನ್ನು ನೋಡಲು ನೋಂದಣಿ ಬೇಕು. ಚಿಕಿತ್ಸಾಲಯ ತೆರೆಯುವುದಾದರೆ 2007ರ ಕರ್ನಾಟಕ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯದೆಯಂತೆ ಅದರ ನೋಂದಣಿಯೂ ಬೇರೆಯಾಗಿ ಆಗಬೇಕು. ನೋಂದಣಿಯಿಲ್ಲದೆ ಅಲೋಪಥಿ ವೃತ್ತಿ ನಡೆಸಿದರೆ, 2019ರ ರಾಷ್ಟ್ರೀಯ ವೈದ್ಯಕೀಯ ಆಯೋಗದ ಕಾಯದೆಯಂತೆ ಒಂದು ವರ್ಷದವರೆಗೆ ಸೆರೆವಾಸ, ಅಥವಾ ಐದು ಲಕ್ಷ ರೂಪಾಯಿಗಳವರೆಗೆ ದಂಡ, ಅಥವಾ ಎರಡೂ.

ಎರಡನೆಯದು, ಪದ್ಧತಿಯ ಎಲ್ಲೆ. ಒಂದು ಪದ್ಧತಿಯಲ್ಲಿ ನೋಂದಣಿಯಾದವರು ಸಹ ಇನ್ನೊಂದು ಪದ್ಧತಿಯ ಔಷಧವನ್ನು ಮನಬಂದಂತೆ ಕೊಡುವಂತಿಲ್ಲ. ಹೋಮಿಯೋಪಥಿ ಕಲಿತ ವೈದ್ಯರೊಬ್ಬರು ಜ್ವರದ ರೋಗಿಗೆ ಅಲೋಪಥಿ ಔಷಧಗಳನ್ನು ಕೊಟ್ಟು, ಆ ರೋಗಿ ತೀರಿಕೊಂಡ ಪೂನಂ ವರ್ಮಾ ಪ್ರಕರಣದಲ್ಲಿ, ತಿಳಿಯದ ಪದ್ಧತಿಗೆ ಕೈಹಾಕುವುದೇ ನಿರ್ಲಕ್ಷ್ಯವೆಂದು ಸುಪ್ರೀಂ ಕೋರ್ಟು 1996ರಲ್ಲಿ ನಿರ್ಣಯಿಸಿತು. ಮೂರು ಲಕ್ಷ ರೂಪಾಯಿ ಪರಿಹಾರವನ್ನೂ ಕೊಡಿಸಿತು. ನಾಟಿ ಔಷಧದ ಹೆಸರಿನಲ್ಲಿ ಇಂಜೆಕ್ಷನ್ ಚುಚ್ಚುವವರು ಈ ತೀರ್ಪನ್ನು ನೆನಪಿನಲ್ಲಿಡಬೇಕು.

ಮೂರನೆಯದು, ಪ್ರಚಾರದ ಎಲ್ಲೆ. 1954ರ ಔಷಧ ಮತ್ತು ಮಾಂತ್ರಿಕ ಪರಿಹಾರಗಳ (ಆಕ್ಷೇಪಾರ್ಹ ಜಾಹೀರಾತು) ಕಾಯದೆಯು ತನ್ನ ಪಟ್ಟಿಯಲ್ಲಿ 54 ರೋಗಗಳನ್ನು ಹೆಸರಿಸಿದೆ. ಕ್ಯಾನ್ಸರ್, ಮಧುಮೇಹ, ಅಪಸ್ಮಾರ, ಪಾರ್ಶ್ವವಾಯು, ಕಣ್ಣಿನ ಪೊರೆ ಇವೆಲ್ಲ ಅದರಲ್ಲಿವೆ. ಇವುಗಳನ್ನು ಗುಣಪಡಿಸುತ್ತೇವೆಂದು ಗೋಡೆಯ ಮೇಲೆ ಬರೆಯಿಸಿದರೂ, ಪತ್ರಿಕೆಯಲ್ಲಿ ಅಚ್ಚು ಹಾಕಿಸಿದರೂ ಅಪರಾಧವೇ. ಮೊದಲ ಸಲಕ್ಕೆ ಆರು ತಿಂಗಳವರೆಗೆ ಸೆರೆವಾಸವಾಗಬಹುದು. ತಾಯಿತ, ಯಂತ್ರ, ಮಂತ್ರಗಳ ಜಾಹೀರಾತಿಗೂ ಇದೇ ಕಾಯದೆ ಅನ್ವಯಿಸುತ್ತದೆ. ಹಮ್‌ದರ್ದ್ ದವಾಖಾನಾ ಮೊದಲಾದವರು ಇದನ್ನು ಪ್ರಶ್ನಿಸಿದಾಗ, ಸುಪ್ರೀಂ ಕೋರ್ಟು ಕಾಯದೆಯ ಕೆಲವು ಭಾಗಗಳನ್ನು ತೆಗೆದುಹಾಕಿತಾದರೂ ಅದರ ಮೂಲ ಉದ್ದೇಶವನ್ನು ಎತ್ತಿಹಿಡಿಯಿತು.

ನಾಲ್ಕನೆಯದು, ಔಷಧದ ಹಾಗೂ ಕಾಡಿನ ಎಲ್ಲೆ. ಆಯುರ್ವೇದ ಔಷಧವನ್ನು ಮಾರಾಟಕ್ಕಾಗಿ ತಯಾರಿಸಲು 1940ರ ಔಷಧ ಕಾಯದೆಯಂತೆ ಪರವಾನಿಗೆ ಬೇಕು. ವೈದ್ಯ ಹಕೀಮರು ತಮ್ಮ ಸ್ವಂತ ರೋಗಿಗಳಿಗಾಗಿ ಮಾಡಿಕೊಳ್ಳುವುದಕ್ಕೆ ಮಾತ್ರ ವಿನಾಯಿತಿಯಿದೆ. ಮೂಲಿಕೆ ತರುವುದಾದರೂ ಎಲ್ಲಿಂದ? ದಾಂಡೇಲಿಯ ಅಭಯಾರಣ್ಯ 1956ರಲ್ಲಿ, ಅಣಶಿಯ ರಾಷ್ಟ್ರೀಯ ಉದ್ಯಾನ 1987ರಲ್ಲಿ ಆದವು. ಎರಡೂ ಕೂಡಿ 2007ರಲ್ಲಿ ಹುಲಿ ಸಂರಕ್ಷಿತ ಪ್ರದೇಶವಾಗಿ, 2015ರಲ್ಲಿ ಕಾಳಿ ಎಂಬ ಹೆಸರನ್ನು ಪಡೆದವು. 1972ರ ವನ್ಯಜೀವಿ ಕಾಯದೆಯಂತೆ ಅಂಥ ಕಾಡಿನಿಂದ ಅನುಮತಿಯಿಲ್ಲದೆ ಏನನ್ನೂ ಒಯ್ಯಬಾರದು. ಉಡದ ಎಣ್ಣೆ, ಕರಡಿಯ ಕೊಬ್ಬು, ಚಿಪ್ಪುಹಂದಿಯ ಚಿಪ್ಪು ಮುಂತಾದವಂತೂ ಕಠಿಣ ಶಿಕ್ಷೆಗೆ ಗುರಿಮಾಡುವ ವಸ್ತುಗಳು. ಇದಕ್ಕೆ ಎದುರಾಗಿ, 2006ರ ಅರಣ್ಯ ಹಕ್ಕು ಕಾಯದೆಯು ಔಷಧಿ ಸಸ್ಯ, ಬೇರು, ಗೆಡ್ಡೆಗಳನ್ನು ಕಿರು ಅರಣ್ಯ ಉತ್ಪನ್ನಗಳೆಂದು ಕರೆದು, ಅವುಗಳ ಮೇಲೆ ಕಾಡಿನ ನಿವಾಸಿಗಳಿಗೆ ಹಕ್ಕನ್ನು ಮಾನ್ಯ ಮಾಡುತ್ತದೆ. ಆದರೆ ಈ ಹಕ್ಕನ್ನು ಸಿದ್ಧಪಡಿಸುವ ಹೊರೆ ಎಲ್ಲರಿಗೂ ಸಮನಾಗಿಲ್ಲ. ನಮ್ಮ ಜಿಲ್ಲೆಯ ಸಿದ್ದಿ ಜನರು 2003ರಲ್ಲಿ ಪರಿಶಿಷ್ಟ ಪಂಗಡಕ್ಕೆ ಸೇರಿದರು. ಆ ಪಟ್ಟಿಯ ಹೊರಗಿರುವವರು ಮಾತ್ರ ಮೂರು ತಲೆಮಾರು, ಎಂದರೆ 75 ವರ್ಷಗಳ ವಾಸಕ್ಕೆ ಆಧಾರ ಒದಗಿಸಬೇಕು. ಇಲ್ಲಿಯೂ ಕಾಗದದ ಪ್ರಶ್ನೆಯೇ!

ಐದನೆಯದು, ಪ್ರಾಣಹಾನಿಯ ಎಲ್ಲೆ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 106ನೆಯ ಕಲಮಿನಂತೆ, ನಿರ್ಲಕ್ಷ್ಯದಿಂದ ಸಾವು ತಂದವನಿಗೆ ಐದು ವರ್ಷಗಳವರೆಗೆ ಶಿಕ್ಷೆಯುಂಟು. ನೋಂದಾಯಿತ ವೈದ್ಯನಿಂದ ಚಿಕಿತ್ಸೆಯಲ್ಲಿ ಹಾಗಾದರೆ ಎರಡು ವರ್ಷಗಳವರೆಗೆ. ಇಲ್ಲಿ 'ನೋಂದಾಯಿತ ವೈದ್ಯ' ಎಂದರೆ 2019ರ ವೈದ್ಯಕೀಯ ಆಯೋಗದ ಕಾಯದೆಯಂತೆ ಅರ್ಹತೆ ಪಡೆದವರು ಮಾತ್ರ. ನಾಟಿವೈದ್ಯ ಹಣ ತೆಗೆದುಕೊಂಡಿರಲಿಲ್ಲವೆಂಬ ಕಾರಣದಿಂದ ಈ ಹೊಣೆ ತಪ್ಪದು.

ಮುಂಡಗೋಡದ ನಿದರ್ಶನ

ಮೌಖಿಕ ಪರಂಪರೆಯನ್ನು ಕಾನೂನು ಏಕೆ ಒಪ್ಪುವುದಿಲ್ಲ ಎಂಬುದನ್ನು ತಿಳಿಯಲು ನಾವು ದೂರ ಹೋಗಬೇಕಾಗಿಲ್ಲ. ಮುಂಡಗೋಡಕ್ಕೆ ಹೋದರೆ ಸಾಕು. ಅಲ್ಲಿಯ ಟಿಬೇಟಿಯನ್ ವಸತಿ 1966ರಲ್ಲಿ ಆರಂಭವಾಯಿತು. ಟಿಬೇಟಿಯನ್ನರ ವೈದ್ಯಪದ್ಧತಿಗೆ ಸೋವಾ ರಿಗ್ಪಾ ಎಂದು ಹೆಸರು. ಅದನ್ನು ಕಲಿಸುವ ಮೆನ್-ತ್ಸೀ-ಖಾಂಗ್ ಸಂಸ್ಥೆಯು ಲಾಸಾ ನಗರದಲ್ಲಿ 1916ರಲ್ಲಿ ಹುಟ್ಟಿ, 1961ರಲ್ಲಿ ಧರ್ಮಶಾಲಾದಲ್ಲಿ ಮತ್ತೆ ತಲೆಯೆತ್ತಿತು. ಮುಂಡಗೋಡದಲ್ಲಿ ಅದರ ಶಾಖಾ ಚಿಕಿತ್ಸಾಲಯವಿದೆ. 2010ರಲ್ಲಿ ಸಂಸತ್ತು 1970ರ ಕಾಯದೆಗೆ ತಿದ್ದುಪಡಿ ತಂದು, ಸೋವಾ ರಿಗ್ಪಾವನ್ನು ಭಾರತದ ಮಾನ್ಯ ವೈದ್ಯಪದ್ಧತಿಗಳಲ್ಲಿ ಸೇರಿಸಿತು.

ನಾಡು ಬಿಟ್ಟು ಬಂದವರ ವಿದ್ಯೆಗೆ ದೊರೆತ ಮನ್ನಣೆಯು, ಅದೇ ಜಿಲ್ಲೆಯಲ್ಲಿ ಹುಟ್ಟಿ ಬೆಳೆದ ವಿದ್ಯೆಗೆ ಏಕೆ ದೊರೆಯಲಿಲ್ಲ? ಇದು ಪಕ್ಷಪಾತವೆಂದು ಮೊದಲು ನನಗೂ ತೋರಿತ್ತು. ವಿಚಾರ ಮಾಡಿದಾಗ ಕಾರಣ ಹೊಳೆಯಿತು. ಸೋವಾ ರಿಗ್ಪಾಕ್ಕೆ ಶತಮಾನಗಳ ಗ್ರಂಥವಿದೆ, ಪಾಠಕ್ರಮವಿದೆ, ಪರೀಕ್ಷೆಯಿದೆ, ತೇರ್ಗಡೆಯಾದವನ ಹೆಸರು ಬರೆದಿಡುವ ಸಂಸ್ಥೆಯಿದೆ. ಇವನು ಕಲಿತವನು, ಇವನು ಕಲಿಯದವನು ಎಂದು ಮೂರನೆಯವರು ಪರೀಕ್ಷಿಸಿ ಹೇಳಬಲ್ಲರು. ನನ್ನ ಅಜ್ಜನ ವಿದ್ಯೆಗೆ ಅವನ ನೆನಪೇ ಗ್ರಂಥ, ಅವನ ಮಾತೇ ಪ್ರಮಾಣ. ಸತ್ಯವಾದ ನಾಟಿವೈದ್ಯನನ್ನೂ, ಸಂತೆಯಲ್ಲಿ ಬಣ್ಣದ ಸೀಸೆ ಮಾರುವ ಮೋಸಗಾರನನ್ನೂ ಬೇರ್ಪಡಿಸುವ ಸಾಧನ ಕಾನೂನಿನ ಬಳಿಯಲ್ಲಿಲ್ಲ. ಆದುದರಿಂದ ಅದು ಇಬ್ಬರನ್ನೂ ಒಂದೇ ಗೆರೆಯ ಆಚೆಗೆ ನಿಲ್ಲಿಸಿದೆ.

ಕಾನೂನು ಏಕೆ ಬೇಕು

ಇಷ್ಟು ಬರೆದ ಮೇಲೆ, ಕಾನೂನು ಕೇವಲ ಕ್ರೂರವೆಂದು ಹೇಳಿ ಮುಗಿಸಿದರೆ ನಾನು ಅಜ್ಜನಿಗೆ ಪ್ರಿಯಳಾಗಬಹುದು, ಸತ್ಯಕ್ಕೆ ದ್ರೋಹ ಮಾಡಿದಂತಾಗುತ್ತದೆ.

ಹಾವಿನ ಕಡಿತವನ್ನೇ ತೆಗೆದುಕೊಳ್ಳೋಣ. ನಮ್ಮಲ್ಲಿಯ ಹಾವುಗಳಲ್ಲಿ ಹೆಚ್ಚಿನವು ವಿಷವಿಲ್ಲದವು. ವಿಷದ ಹಾವು ಸಹ ಕಚ್ಚಿದಾಗಲೆಲ್ಲ ವಿಷವನ್ನು ಬಿಡುವುದಿಲ್ಲ. ಆದಕಾರಣ ಯಾವ ಬೇರನ್ನು ತೇಯ್ದು ಕೊಟ್ಟರೂ ಹತ್ತರಲ್ಲಿ ಹೆಚ್ಚು ಜನ ಬದುಕುತ್ತಾರೆ. ಕೀರ್ತಿ ಬೇರಿಗೆ ಬರುತ್ತದೆ. ಉಳಿದವರಿಗೆ ಬೇಕಾಗುವುದು ಪ್ರತಿವಿಷದ ಇಂಜೆಕ್ಷನ್ ಒಂದೇ, ಅದೂ ಬೇಗನೆ. ಬಿಗಿಯಾದ ಕಟ್ಟು ರಕ್ತಸಂಚಾರವನ್ನು ತಡೆದು, ಮಂಡಲದ ಹಾವಿನ ವಿಷದಿಂದ ಮೊದಲೇ ಕೊಳೆಯುತ್ತಿರುವ ಅಂಗಕ್ಕೆ ಇನ್ನಷ್ಟು ಕೇಡು ಮಾಡುತ್ತದೆ. ಆ ಹುಡುಗನ ಬೆರಳುಗಳು ಹೋದುದರಲ್ಲಿ ಹಾವಿನ ಪಾಲೆಷ್ಟು, ಕಟ್ಟಿನ ಪಾಲೆಷ್ಟು, ಮುಳುಗಿದ ರಸ್ತೆಯ ಪಾಲೆಷ್ಟು ಎಂದು ನಾನು ಅಳೆಯಲಾರೆ. ಕಟ್ಟಿನ ಪಾಲು ಏನೂ ಇರಲಿಲ್ಲವೆಂದು ಹೇಳಲು ಮಾತ್ರ ನನ್ನ ನಾಲಿಗೆ ಏಳದು.

ಕಾಮಾಲೆಯ ಸಂಗತಿಯೂ ಹೀಗೆಯೇ. ನೀರಿನಿಂದ ಬರುವ ಸಾಮಾನ್ಯ ಕಾಮಾಲೆ ಬಹುಮಟ್ಟಿಗೆ ತಾನಾಗಿ ಇಳಿಯುತ್ತದೆ. ಆದರೆ ಗದ್ದೆಯ ಕೆಸರಿನಲ್ಲಿ ದುಡಿಯುವವರಿಗೆ ಬರುವ ಇಲಿಜ್ವರದಲ್ಲಿಯೂ ಕಣ್ಣು ಹಳದಿಯಾಗುವುದುಂಟು. ಅದಕ್ಕೆ ತಕ್ಕ ಔಷಧ ಬೇಗ ಬೀಳದಿದ್ದರೆ ಮೂತ್ರಪಿಂಡ ಕೆಟ್ಟು ಸಾವೂ ಬರಬಹುದು. ಹೊರಗಿನ ಬಣ್ಣ ಒಂದೇ, ಒಳಗಿನ ರೋಗ ಬೇರೆ. ರಕ್ತಪರೀಕ್ಷೆಯಿಲ್ಲದೆ ಗುರುತಿಸುವುದು ಕಷ್ಟ. ಹುಚ್ಚುನಾಯಿಯ ಕಡಿತವಾದರೋ, ಲಸಿಕೆ ತಪ್ಪಿ ರೋಗದ ಚಿಹ್ನೆ ಕಂಡ ಮೇಲೆ ಯಾರ ಮದ್ದೂ ನಡೆಯುವುದಿಲ್ಲ.

ವಿಷಸಸ್ಯಗಳ ಭಯ ಇನ್ನೊಂದು. ಸುಪ್ರೀಂ ಕೋರ್ಟು 1964ರಲ್ಲಿ ತೀರ್ಮಾನಿಸಿದ ಜುಗ್ಗನ್ ಖಾನ್ ಪ್ರಕರಣವನ್ನು ಕಾನೂನಿನ ವಿದ್ಯಾರ್ಥಿಗಳು ಇಂದಿಗೂ ಓದುತ್ತಾರೆ. ಮಧ್ಯಪ್ರದೇಶದ ಈ ಹೋಮಿಯೋಪಥಿ ವೈದ್ಯ ನಾರುಹುಣ್ಣಿಗೆಂದು ಒಬ್ಬ ಹೆಂಗಸಿಗೆ 24 ಹನಿ ಸ್ಟ್ರಾಮೋನಿಯಂ ಹಾಗೂ ಒಂದು ದತ್ತೂರಿಯ ಎಲೆಯನ್ನು ಕೊಟ್ಟ. ಆಕೆ ಅಂದೇ ತೀರಿಕೊಂಡಳು. ವಿಷದ ಪ್ರಮಾಣವನ್ನು ಅರಿಯದೆ ಕೊಟ್ಟುದು ದುಡುಕಿನ ಕೃತ್ಯವೆಂದು ಅವನಿಗೆ ಶಿಕ್ಷೆಯಾಯಿತು. ಕೊಲ್ಲುವ ಮನಸ್ಸು ಅವನಿಗಿರಲಿಲ್ಲ. ಆದರೆ ಒಳ್ಳೆಯ ಮನಸ್ಸು ಪ್ರಮಾಣಜ್ಞಾನದ ಬದಲಿಗೆ ನಿಲ್ಲಲಾರದು.

ಕಾನೂನು ಕಾಣದಿರುವುದು

ಆದರೂ ಕಾನೂನಿನ ಕಣ್ಣಿಗೆ ಬೀಳದ ಎರಡು ಸಂಗತಿಗಳನ್ನು ಹೇಳದಿದ್ದರೆ ಲೇಖನ ಅರ್ಧವಾಗುತ್ತದೆ.

ಮೊದಲನೆಯದು ದೂರ. ಜೋಯಿಡಾ ತಾಲೂಕು ವಿಸ್ತಾರದಲ್ಲಿ ದೊಡ್ಡದು, ಜನವಸತಿ ವಿರಳ. ಮಳೆಗಾಲದ ರಾತ್ರಿ ನಮ್ಮಂಥ ಕೇರಿಗಳಲ್ಲಿ ನೋಂದಾಯಿತ ವೈದ್ಯನೂ ನೋಂದಾಯಿಸದ ವೈದ್ಯನೂ ಎದುರೆದುರು ನಿಂತು ಸ್ಪರ್ಧಿಸುತ್ತಿರುವುದಿಲ್ಲ, ಒಬ್ಬನೇ ಇರುತ್ತಾನೆ. ಕಾನೂನು ಅವನನ್ನು ತಡೆಯಬಲ್ಲುದು, ಆದರೆ ಅವನ ಜಾಗದಲ್ಲಿ ಇನ್ನೊಬ್ಬನನ್ನು ತಂದು ನಿಲ್ಲಿಸುವ ಕೆಲಸ ಕಾನೂನಿನಿಂದಾಗದು. ಅದಕ್ಕೆ ರಸ್ತೆ, ಸೇತುವೆ, ಸಮೀಪದ ಆರೋಗ್ಯ ಕೇಂದ್ರದಲ್ಲಿ ಪ್ರತಿವಿಷ ಇವು ಬೇಕು. 2024ರಲ್ಲಿ ನಮ್ಮ ಸರಕಾರವು ಹಾವಿನ ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪ್ರಕರಣವೆಂದು ಸಾರಿದುದು ಈ ದಾರಿಯಲ್ಲಿ ಒಂದು ಒಳ್ಳೆಯ ಹೆಜ್ಜೆ. ಎಲ್ಲಿ ಎಷ್ಟು ಜನ ಕಡಿತಕ್ಕೊಳಗಾಗುತ್ತಾರೆಂದು ಗೊತ್ತಾದರೆ ತಾನೇ ಔಷಧ ಎಲ್ಲಿರಬೇಕೆಂದು ತಿಳಿಯುವುದು?

ಎರಡನೆಯದು ಜ್ಞಾನದ ನಾಶ. ರಕ್ತದ ಒತ್ತಡಕ್ಕೆ ಒಂದು ಕಾಲದಲ್ಲಿ ಪ್ರಸಿದ್ಧವಾಗಿದ್ದ ರೆಸರ್ಪಿನ್ ಎಂಬ ಔಷಧವನ್ನು 1952ರಲ್ಲಿ ಸ್ವಿಟ್ಜರ್ಲೆಂಡಿನ ವಿಜ್ಞಾನಿಗಳು ಬೇರ್ಪಡಿಸಿದುದು ನಮ್ಮ ಸರ್ಪಗಂಧಿಯ ಬೇರಿನಿಂದ. ಆ ಬೇರಿನ ಗುಣವನ್ನು ಅದಕ್ಕೆ ಮೊದಲು ಕಾಯ್ದು ತಂದವರು ಹೆಸರಿಲ್ಲದ ವೈದ್ಯರೇ. 2002ರ ಜೀವವೈವಿಧ್ಯ ಕಾಯದೆ ಇದನ್ನು ಸ್ವಲ್ಪಮಟ್ಟಿಗೆ ಗುರುತಿಸಿದೆ. ಸ್ಥಳೀಯ ವೈದ್ಯರಿಗೆ ಮೂಲಿಕೆಗಳ ಬಳಕೆಯಲ್ಲಿ ವಿನಾಯಿತಿ ಕೊಟ್ಟು, ಪಂಚಾಯತಿಗಳಲ್ಲಿ ಸಮಿತಿಗಳ ಮೂಲಕ ಜನತಾ ಜೀವವೈವಿಧ್ಯ ದಾಖಲಾತಿಯನ್ನು ಬರೆದಿಡುವ ಏರ್ಪಾಡು ಮಾಡಿದೆ. ಪಾರಂಪರಿಕ ವೈದ್ಯರನ್ನು ಪರೀಕ್ಷಿಸಿ ಪ್ರಮಾಣಪತ್ರ ಕೊಡುವ ಒಂದು ಐಚ್ಛಿಕ ಯೋಜನೆಯನ್ನೂ ಭಾರತೀಯ ಗುಣಮಟ್ಟ ಮಂಡಳಿಯು ಬೆಂಗಳೂರಿನ ಎಫ್.ಆರ್.ಎಲ್.ಎಚ್.ಟಿ. ಸಂಸ್ಥೆಯೊಡನೆ ಸೇರಿ ರೂಪಿಸಿದೆ. ಅದು ವೃತ್ತಿಯ ಪರವಾನಿಗೆಯಲ್ಲ. ಆದರೆ ಬಲ್ಲವನನ್ನು ಮೋಸಗಾರನಿಂದ ಬೇರೆ ಮಾಡುವ ಜರಡಿಯಾಗಬಲ್ಲುದು. ಇಂಥ ಜರಡಿಯನ್ನು ಹಾದುಬಂದವರಿಗೆ ಉಳುಕು, ಅಜೀರ್ಣದಂಥ ಸಣ್ಣ ಉಪದ್ರವಗಳಲ್ಲಿ ಮಿತವಾದ ಅನುಮತಿಯನ್ನು ಕೊಟ್ಟು, ಪ್ರಾಣಾಪಾಯದ ರೋಗಿಗಳನ್ನು ಕೂಡಲೇ ದವಾಖಾನೆಗೆ ಕಳಿಸುವ ಹೊಣೆಯನ್ನು ಅವರ ಮೇಲೆಯೇ ಹೊರಿಸಿದರೆ, ಕಾನೂನಿಗೂ ಕಾಡಿನ ಜನರಿಗೂ ನಡುವೆ ಒಂದು ಸೇತುವೆಯಾದೀತೆಂದು ನನ್ನ ಅಲ್ಪಮತಿಗೆ ತೋರುತ್ತದೆ.

ಉಪಸಂಹಾರ

ಕಳೆದ ದೀಪಾವಳಿಯ ರಜೆಯಲ್ಲಿ ಇದನ್ನೆಲ್ಲ ಅಜ್ಜನಿಗೆ ಅವನ ಮಾತಿನಲ್ಲಿಯೇ ತಿಳಿಸಿ ಹೇಳಿದೆ. "ಅಜ್ಜಾ, ನೀನು ಮಾಡಿದ್ದು ಕಳ್ಳತನವಲ್ಲ. ಆದರೆ ಹಾವಿನ ಕಡಿತಕ್ಕೆ ಕಟ್ಟು ಕಟ್ಟಿದ್ದು ತಪ್ಪು" ಎಂದೆ. ಅವನು ಬಹಳ ಹೊತ್ತು ಮಾತನಾಡಲಿಲ್ಲ. ಎಲೆ ಅಡಿಕೆಯ ಚೀಲವನ್ನು ಬಿಚ್ಚಿದ, ಮತ್ತೆ ಕಟ್ಟಿದ. ಕೊನೆಗೆ, "ಆ ಪೋರ ಕುಂಟುತ್ತಾ ಶಾಲೆಗೆ ಹೋಗುವುದನ್ನು ದಿನಾ ನೋಡುತ್ತೇನೆ. ನನಗೆ ಪುಸ್ತಕ ಬೇಕಾಗಿರಲಿಲ್ಲ" ಎಂದ.

ಅಂದಿನಿಂದ ಹಾವು, ನಾಯಿ, ಹಳದಿ ಕಣ್ಣು, ಜ್ವರ ಈ ನಾಲ್ಕಕ್ಕೆ ನಮ್ಮ ಜಗಲಿಯಲ್ಲಿ ಮದ್ದು ಇಲ್ಲ. ಅಂಥವರು ಬಂದರೆ ಯಾರ ಜೀಪು ಊರಿನಲ್ಲಿದೆಯೆಂದು ಅಜ್ಜನೇ ಓಡಾಡಿ ವಿಚಾರಿಸುತ್ತಾನೆ. ಉಳಿದ ಮದ್ದುಗಳ ಗಿಡಗಳನ್ನು ಪಂಚಾಯತಿಯ ದಾಖಲಾತಿಯಲ್ಲಿ ಬರೆಸೋಣವೆಂದು ಕೇಳಿದಾಗ ಮಾತ್ರ ಅವನು ಹಿಂಜರಿದ. ಹೆಸರು ಹೇಳಿದರೆ ಗುಣ ಹೋಗುವುದಲ್ಲ! ಎರಡು ದಿನ ಬಿಟ್ಟು ತಾನಾಗಿಯೇ ನನ್ನನ್ನು ಕರೆದುಕೊಂಡು ಗದ್ದೆಯಾಚೆಗೆ ಹೋದ. ಒಂದು ಬಳ್ಳಿಯ ಮುಂದೆ ನಿಂತು, "ಬಾಯಲ್ಲಿ ಹೇಳುವುದಿಲ್ಲ. ತೋರಿಸುತ್ತೇನೆ, ನೀನು ಬರೆದುಕೋ" ಎಂದ.

ಈ ಲೇಖನ ಬರೆಯುವ ಹೊತ್ತಿಗೆ ನನ್ನ ನೋಟುಪುಸ್ತಕದಲ್ಲಿ ಹದಿನೇಳು ಗಿಡಗಳಾಗಿವೆ. ಸಹಪಾಠಿ ಮಿತ್ರರಲ್ಲಿ ಅನೇಕರ ಮನೆಗಳಲ್ಲಿ ಇಂಥ ಅಜ್ಜ ಅಜ್ಜಿಯರಿದ್ದಾರೆಂದು ನಾನು ಬಲ್ಲೆ. ಅವರು ಮಾಡುವುದರಲ್ಲಿ ಯಾವುದು ತಪ್ಪೆಂದು ಪ್ರೀತಿಯಿಂದ ಹೇಳುವುದೂ, ಯಾವುದು ಉಳಿಯಬೇಕೆಂದು ಶ್ರದ್ಧೆಯಿಂದ ಬರೆದಿಡುವುದೂ, ಅಕ್ಷರ ಕಲಿತ ಮೊದಲ ತಲೆಮಾರಿನವರಾದ ನಮ್ಮ ಕರ್ತವ್ಯವಲ್ಲದೆ ಇನ್ನಾರ ಕರ್ತವ್ಯವಾದೀತು?